ವಚನ ಪಿತಾಮಹ ಹಳಕಟ್ಟಿಯವರು: ವೃತ್ತಿಯಿಂದ ಕಾಯಕಕ್ಕೆ

ನಿವೃತ್ತಿ ಎಂಬುದು ನಮ್ಮ ಶಾಸ್ತ್ರಗಳಲ್ಲಿ ಬಹು ಗೌರವದಿಂದ ಬಳಕೆಗೊಂಡಿರುವ ಶಬ್ದ. ಹೊರಗೆ ಹರಿಯುವ ಮನಸ್ಸನ್ನು ಒಳಕ್ಕೆ ತಿರುಗಿಸಿ ಶಿವನಲ್ಲಿ ನೆಲೆಗೊಳಿಸುವುದೇ ಅದರ ಮೂಲಾರ್ಥ. ಲೋಕವ್ಯವಹಾರದಲ್ಲಿಯಾದರೋ ಅದೇ ಶಬ್ದವು ಒಂದು ವಿಧವಾದ ಭೀತಿಯನ್ನು ಹುಟ್ಟಿಸುತ್ತಿರುವುದು ವಿಚಿತ್ರವಾಗಿದೆ. ಮೂವತ್ತು ಮೂವತ್ತೈದು ವರ್ಷ ಒಂದು ಕಚೇರಿಯಲ್ಲಿಯೋ ಶಾಲೆಯಲ್ಲಿಯೋ ದುಡಿದವರನ್ನು ಒಂದು ದಿನ ಹಾರ ಹಾಕಿ, ಶಾಲು ಹೊದಿಸಿ, ಫಲತಾಂಬೂಲವನ್ನಿತ್ತು ಬೀಳ್ಕೊಡುತ್ತಾರೆ. ಮರುದಿನ ಮುಂಜಾನೆ ಸ್ನಾನ ಲಿಂಗಪೂಜೆಗಳು ಮುಗಿಯುತ್ತವೆ. ಆದರೆ ಹತ್ತು ಗಂಟೆಗೆ ಹೋಗಬೇಕಾದ ಸ್ಥಳವೆಂಬುದು ಇರುವುದಿಲ್ಲ. ನಿನ್ನೆಯವರೆಗೆ ಸಾಹೇಬರೆಂದೋ ಮಾಸ್ತರರೆಂದೋ ಕೈಮುಗಿಯುತ್ತಿದ್ದವರು ಇಂದು ಕಂಡೂ ಕಾಣದಂತೆ ಸಾಗುತ್ತಾರೆ. ಸಂಬಳದಲ್ಲಿ ಆದ ಕೊರತೆಯನ್ನು ಮನೆಯವರು ಹೇಗೋ ಸರಿದೂಗಿಸಿಯಾರು. ಹೆಸರಿನಲ್ಲಿ ಆದ ಕೊರತೆಯನ್ನು ತುಂಬಿಕೊಡುವವರು ಯಾರು? ತಾನು ಇನ್ನು ಯಾರು ಎಂಬ ಪ್ರಶ್ನೆಯು ಅಂದು ಮೊದಲ ಬಾರಿಗೆ ಆ ಗೃಹಸ್ಥನ ಎದೆಯಲ್ಲಿ ಏಳುತ್ತದೆ.

ಶರಣಧರ್ಮದವರಾದ ನಮಗೆ ಈ ಪ್ರಶ್ನೆಯು ಇನ್ನಷ್ಟು ಬಿಗಿಯಾಗಿ ತಟ್ಟುವುದು ಸಹಜ. ಕಾಯಕವನ್ನು ಕೈಲಾಸವೆಂದು ಬಗೆದ ಪರಂಪರೆ ನಮ್ಮದು. ನಮ್ಮ ಶರಣರ ಹೆಸರುಗಳೇ ಅವರವರ ಕಾಯಕವನ್ನು ಹೊತ್ತು ನಿಂತಿವೆ. ಮಡಿವಾಳ ಮಾಚಯ್ಯ, ಅಂಬಿಗರ ಚೌಡಯ್ಯ, ಮೇದರ ಕೇತಯ್ಯ, ನುಲಿಯ ಚಂದಯ್ಯ ಎಂದೇ ನಾವು ಅವರನ್ನು ನೆನೆಯುತ್ತೇವೆ. ಹೀಗಿರುವಲ್ಲಿ ಕೆಲಸವು ನಿಂತ ಮೇಲೆ ಕಾಯಕವೂ ನಿಂತಿತೆ? ಕಾಯಕ ನಿಂತವನಿಗೆ ಕೈಲಾಸದ ಬಾಗಿಲೂ ಮುಚ್ಚಿತೆ? ಈ ಶಂಕೆಗೆ ಶಾಸ್ತ್ರವಾಕ್ಯಕ್ಕಿಂತಲೂ ಸ್ಪಷ್ಟವಾದ ಸಮಾಧಾನವನ್ನು ಒಬ್ಬ ಮಹನೀಯರ ಜೀವನವು ಕೊಡುವುದು. ಅವರೇ ವಚನ ಪಿತಾಮಹರೆಂದು ನಾಡು ಗೌರವಿಸುವ ಡಾ. ಫಕೀರಪ್ಪ ಗುರುಬಸಪ್ಪ ಹಳಕಟ್ಟಿಯವರು.

ಜನನ ಮತ್ತು ವಿದ್ಯಾಭ್ಯಾಸ

ಹಳಕಟ್ಟಿಯವರು 1880ನೆಯ ಇಸವಿ ಜುಲೈ 2ರಂದು ಧಾರವಾಡದಲ್ಲಿ ಜನಿಸಿದರು. ತಂದೆ ಗುರುಬಸಪ್ಪನವರು ಶಿಕ್ಷಕರು. ಕನ್ನಡದಲ್ಲಿ ಗ್ರಂಥರಚನೆ ಮಾಡಿದವರು. ತಾಯಿ ದಾನಮ್ಮನವರು ಮಗನ ಎಳವೆಯಲ್ಲಿಯೇ ಲಿಂಗೈಕ್ಯರಾದರು. ಧಾರವಾಡದಲ್ಲಿ ಆರಂಭದ ವಿದ್ಯಾಭ್ಯಾಸವನ್ನು ಪೂರೈಸಿ, ಮುಂಬಯಿಯ ಸೇಂಟ್ ಝೇವಿಯರ್ ಕಾಲೇಜನ್ನು ಸೇರಿ ಪದವೀಧರರಾದರು. ಅನಂತರ ನ್ಯಾಯಶಾಸ್ತ್ರವನ್ನು ಅಭ್ಯಸಿಸಿ 1904ರಲ್ಲಿ ಆ ಪರೀಕ್ಷೆಯಲ್ಲಿಯೂ ಉತ್ತೀರ್ಣರಾದರು.

ಆ ಕಾಲದಲ್ಲಿ ಇಂಗ್ಲಿಷ್ ವಿದ್ಯೆ ಕಲಿತು ವಕೀಲರಾಗುವುದೆಂದರೆ ಸಾಮಾನ್ಯವಾದ ಮಾತಾಗಿರಲಿಲ್ಲ. ನಮ್ಮ ಸಮಾಜದಲ್ಲಿ ಅಂತಹವರನ್ನು ಬೆರಳಿನ ಮೇಲೆ ಎಣಿಸಬಹುದಾಗಿತ್ತು. ವಕೀಲರೆಂದರೆ ಕರಿಯ ಕೋಟು, ಕೈತುಂಬ ಸಂಪಾದನೆ, ಅಧಿಕಾರಿಗಳ ಪರಿಚಯ, ಊರ ಪಂಚಾಯಿತಿಯಲ್ಲಿ ಮೊದಲ ಮಣೆ. ಹಳಕಟ್ಟಿಯವರು ಮೊದಲು ಬೆಳಗಾವಿಯಲ್ಲಿ ವಕೀಲಿಯನ್ನು ಆರಂಭಿಸಿ, ಸ್ವಲ್ಪ ಕಾಲದಲ್ಲಿಯೇ ಅಂದು ವಿಜಾಪುರವೆನ್ನುತ್ತಿದ್ದ ಇಂದಿನ ವಿಜಯಪುರಕ್ಕೆ ಬಂದು ನೆಲೆಸಿದರು. ಜೀವಮಾನದ ಉಳಿದ ಭಾಗವೆಲ್ಲ ಆ ಊರಿಗೇ ಮೀಸಲಾಯಿತು.

ಸಾರ್ವಜನಿಕ ಜೀವನ

ವೃತ್ತಿಯಲ್ಲಿ ಕಾಲೂರಿದ ಯುವಕ ವಕೀಲರ ದೃಷ್ಟಿಯು ತಮ್ಮ ಮನೆಯ ಹೊಸ್ತಿಲಿನಲ್ಲಿಯೇ ನಿಲ್ಲಲಿಲ್ಲ. ವಿಜಾಪುರ ಜಿಲ್ಲೆಯು ಬರಗಾಲಕ್ಕೆ ಹೆಸರಾದುದು. ವಿದ್ಯೆಯಿಲ್ಲದ ರೈತನು ಸಾಲದಲ್ಲಿ ಮುಳುಗಿ ನ್ಯಾಯಾಲಯದ ಮೆಟ್ಟಿಲನ್ನು ಹತ್ತಿ ಇಳಿಯುವ ದೃಶ್ಯವು ವಕೀಲನಾದವನಿಗೆ ನಿತ್ಯದ ಅನುಭವ. ಇದಕ್ಕೆ ವಿದ್ಯೆಯೂ ಸಹಕಾರವೂ ಮದ್ದೆಂದು ಅರಿತ ಹಳಕಟ್ಟಿಯವರು 1910ರಲ್ಲಿ ವಿಜಾಪುರದ ಲಿಂಗಾಯತ ವಿದ್ಯಾವರ್ಧಕ ಸಂಸ್ಥೆಯ ಸ್ಥಾಪನೆಗೆ ಕಾರಣರಾದರು. 1912ರಲ್ಲಿ ಶ್ರೀ ಸಿದ್ಧೇಶ್ವರ ಸಹಕಾರಿ ಬ್ಯಾಂಕು ಅವರ ಮುಂದಾಳುತನದಲ್ಲಿ ತಲೆಯೆತ್ತಿತು. ಇಂದು ಬಿ.ಎಲ್.ಡಿ.ಇ. ಸಂಸ್ಥೆಯೆಂದು ಪ್ರಸಿದ್ಧವಾಗಿರುವ ಆ ವಿದ್ಯಾಸಂಸ್ಥೆಯು ಮುಂದೆ ಬಂಥನಾಳದ ಪೂಜ್ಯ ಶ್ರೀ ಸಂಗನಬಸವ ಶಿವಯೋಗಿಗಳೇ ಮೊದಲಾದವರ ಶ್ರಮದಿಂದ ಹೆಮ್ಮರವಾಗಿ ಬೆಳೆಯಿತು. ಬೀಜವನ್ನು ಬಿತ್ತಿದವರು ಹಣ್ಣಿನ ಬುಟ್ಟಿಯನ್ನು ತಾವೇ ಹೊರಬೇಕೆಂದು ಹಟ ಹಿಡಿಯಲಿಲ್ಲ ಎಂಬುದನ್ನು ನಾವು ಇಲ್ಲಿ ಗಮನಿಸಬೇಕು.

ಹೀಗೆ ನಾಲ್ವತ್ತರ ಹರೆಯಕ್ಕೆ ಬರುವ ವೇಳೆಗೆ ಹಳಕಟ್ಟಿಯವರಿಗೆ ವೃತ್ತಿ, ಗೌರವ, ಸಮಾಜದ ಮುಖಂಡತ್ವ ಎಲ್ಲವೂ ಲಭಿಸಿದ್ದವು. ಲೋಕದ ಲೆಕ್ಕದಲ್ಲಿ ಅಲ್ಲಿಂದ ಮುಂದೆ ಹತ್ತುವ ಮೆಟ್ಟಿಲುಗಳೇ ಇದ್ದವು. ಆದರೆ ಅಷ್ಟರಲ್ಲಿ ಅವರ ಹೃದಯವನ್ನು ಬೇರೊಂದು ವಸ್ತು ಆವರಿಸಿಕೊಂಡಿತ್ತು.

ಓಲೆಗರಿಗಳ ಕರೆ

ಶತಮಾನದ ಆರಂಭದ ವರ್ಷಗಳಲ್ಲಿಯೇ ರಬಕವಿ ಬನಹಟ್ಟಿಯ ಕಡೆ ಹೋಗಿದ್ದಾಗ ಭಕ್ತರ ಮನೆಯಲ್ಲಿದ್ದ ಓಲೆಗರಿಯ ಕಟ್ಟುಗಳು ಅವರ ಕಣ್ಣಿಗೆ ಬಿದ್ದವು. ಆ ಕಾಲದಲ್ಲಿ ಶರಣರ ವಚನಗಳ ಸ್ಥಿತಿಯು ಶೋಚನೀಯವಾಗಿತ್ತು. ಜಗುಲಿಯ ಮೇಲೆ ಬಟ್ಟೆಯಲ್ಲಿ ಸುತ್ತಿಟ್ಟ ಕಟ್ಟಿಗೆ ವಿಭೂತಿಯನ್ನು ಧರಿಸಿ, ಪತ್ರಿಯನ್ನು ಏರಿಸಿ ಪೂಜಿಸುವವರು ಅನೇಕರಿದ್ದರು. ಬಿಚ್ಚಿ ಓದುವವರು ವಿರಳರಾಗಿದ್ದರು. ಕೆಲವೆಡೆ ಅಡಿಗೆಮನೆಯ ಹೊಗೆಯೂ ಗೆದ್ದಲೂ ಅವುಗಳನ್ನು ತಿನ್ನುತ್ತಿದ್ದವು. ಏಳೆಂಟು ನೂರು ವರ್ಷಗಳ ಅನುಭಾವದ ಸಂಪತ್ತು ಕಣ್ಣೆದುರಿನಲ್ಲಿಯೇ ಪುಡಿಯಾಗುತ್ತಿದ್ದಿತು.

ಹಳಕಟ್ಟಿಯವರು ಊರೂರು ತಿರುಗಿ ಈ ಕಟ್ಟುಗಳನ್ನು ಅರಸತೊಡಗಿದರು. ಮಠಗಳ ಬಾಗಿಲಿಗೆ ಹೋದರು; ಬಡವರ ಗುಡಿಸಲಿಗೂ ಹೋದರು. ಮನೆತನದ ದೈವವೆಂದು ಭಾವಿಸಿದ್ದ ಗ್ರಂಥವನ್ನು ಅಪರಿಚಿತನಿಗೆ ಕೊಡಲು ಜನ ಹಿಂಜರಿಯುತ್ತಿದ್ದುದು ಸಹಜವೇ. ಬೇಡಿ, ಒಡಂಬಡಿಸಿ, ಕೊಟ್ಟವರಿಂದ ಎರವು ತಂದು, ಪ್ರತಿಮಾಡಿಕೊಳ್ಳಬೇಕಾಗಿತ್ತು.

ಆ ಕೆಲಸದ ಕಷ್ಟವನ್ನು ಇಂದಿನವರು ಊಹಿಸುವುದು ಸುಲಭವಲ್ಲ. ಓಲೆಗರಿಯಲ್ಲಿ ಅಕ್ಷರಗಳನ್ನು ಕಂಟದಿಂದ ಕೊರೆದಿರುತ್ತಾರೆ. ಮಸಿಯನ್ನು ಸವರಿ ಒರೆಸಿದಲ್ಲದೆ ಅವು ಕಣ್ಣಿಗೆ ಕಾಣಿಸವು. ಪದಕ್ಕೂ ಪದಕ್ಕೂ ನಡುವೆ ಎಡೆಯಿಲ್ಲ; ವಾಕ್ಯ ಮುಗಿಯುವಲ್ಲಿ ಗುರುತಿಲ್ಲ. ಒಂದು ಪ್ರತಿಯಲ್ಲಿದ್ದ ವಚನವು ಇನ್ನೊಂದರಲ್ಲಿ ಬೇರೆ ಪಾಠದಿಂದ ಇರುತ್ತದೆ. ಯಾವುದು ಶುದ್ಧ, ಯಾವುದು ಲಿಪಿಕಾರನ ಪ್ರಮಾದ, ಯಾವುದು ಯಾರ ಅಂಕಿತದ್ದು ಎಂಬುದನ್ನು ತೂಗಿ ನೋಡಿ ನಿರ್ಣಯಿಸಬೇಕು. ಇಲ್ಲಿ ಒಂದು ಮಾತನ್ನು ಹೇಳಬಹುದು. ದಾಖಲೆಗಳನ್ನು ತಾಳೆನೋಡುವ, ಸಾಕ್ಷ್ಯಗಳ ಬಲಾಬಲವನ್ನು ಅಳೆಯುವ ವಕೀಲನ ಬುದ್ಧಿಯು ಈ ಕಾರ್ಯಕ್ಕೆ ಹೇಳಿಮಾಡಿಸಿದಂತಿತ್ತು. ವೃತ್ತಿಯಿಂದ ಬಂದ ಪದವಿಯು ಒಂದಾದರೆ, ವೃತ್ತಿಯಿಂದ ಬಂದ ಕುಶಲತೆ ಇನ್ನೊಂದು. ಪದವಿಯು ಕೋಟಿನೊಡನೆ ಗೂಟಕ್ಕೆ ಸೇರುವುದು. ಕುಶಲತೆಯು ಕೈಯಲ್ಲಿಯೇ ಉಳಿಯುವುದು.

ಮನೆಯನ್ನು ಮಾರಿ ಮುದ್ರಣಾಲಯ

ಸಂಗ್ರಹಿಸಿದ ವಚನಗಳನ್ನು ಗ್ರಂಥರೂಪದಲ್ಲಿ ತರಲು ಅವರು ಮಂಗಳೂರಿನ ಬಾಸೆಲ್ ಮಿಷನ್ ಮುದ್ರಣಾಲಯಕ್ಕೆ ಹಸ್ತಪ್ರತಿಯನ್ನು ಕಳುಹಿಸಿದರು. ಅದು ಅಚ್ಚಾಗದೆ ಹಿಂದಿರುಗಿತು. ಧೃತಿಗೆಡದೆ ಬೆಳಗಾವಿಯ ಮಹಾವೀರ ಮುದ್ರಣಾಲಯದಲ್ಲಿ ಅಚ್ಚುಹಾಕಿಸಿದರು. 1923ರಲ್ಲಿ ವಚನಶಾಸ್ತ್ರಸಾರದ ಮೊದಲನೆಯ ಭಾಗವು ಹೀಗೆ ಬೆಳಕನ್ನು ಕಂಡಿತು. ಶರಣಧರ್ಮದ ತತ್ತ್ವವನ್ನು ವಚನಗಳ ಆಧಾರದಿಂದಲೇ ತೋರಿಸಿಕೊಟ್ಟ ಈ ಗ್ರಂಥವು ನಮ್ಮ ಸಮಾಜಕ್ಕೆ ತನ್ನ ಮುಖವನ್ನು ತಾನೇ ಕಾಣುವ ಕನ್ನಡಿಯಾಯಿತು.

ಒಂದು ಗ್ರಂಥದಿಂದ ಕಾರ್ಯವು ತೀರುವಂತಿರಲಿಲ್ಲ. ಮನೆಯಲ್ಲಿ ಓಲೆಗರಿಗಳ ರಾಶಿಯೇ ಇದ್ದಿತು. ಪ್ರತಿಯೊಂದಕ್ಕೂ ಪರರ ಮುದ್ರಣಾಲಯದ ಬಾಗಿಲನ್ನು ಕಾಯುವುದಾದರೆ ಆಯುಷ್ಯ ಸಾಲದೆಂದು ಅರಿತ ಹಳಕಟ್ಟಿಯವರು ತಾವಿದ್ದ ಸ್ವಂತ ಮನೆಯನ್ನು ಮಾರಿ, ಬಂದ ಹಣದಿಂದ 1925ರಲ್ಲಿ ಹಿತಚಿಂತಕ ಮುದ್ರಣಾಲಯವನ್ನು ವಿಜಾಪುರದಲ್ಲಿ ಸ್ಥಾಪಿಸಿದರು. ಮರುವರ್ಷ 1926ರಲ್ಲಿ ಶಿವಾನುಭವ ಪತ್ರಿಕೆಯು ಹೊರಟಿತು. 1927ರಲ್ಲಿ ನವಕರ್ನಾಟಕವೆಂಬ ವಾರಪತ್ರಿಕೆಯೂ ಅದನ್ನು ಹಿಂಬಾಲಿಸಿತು.

ಈ ವೇಳೆಗೆ ವಕೀಲಿಯು ಹಿಂದೆ ಸರಿದಿತ್ತು. ಕಕ್ಷಿಗಾರನು ಬಾಗಿಲಿಗೆ ಬಂದರೆ ವಕೀಲರು ಅಚ್ಚಿನ ಕರಡನ್ನು ತಿದ್ದುತ್ತ ಕುಳಿತಿರುವಂತಾದರೆ ವೃತ್ತಿಯು ಎಷ್ಟು ದಿನ ನಿಂತೀತು? ವಕೀಲನಿಗೆ ಸರಕಾರವು ನಿವೃತ್ತಿಯ ವಯಸ್ಸನ್ನು ಗೊತ್ತುಮಾಡಿರುವುದಿಲ್ಲ. ಹಳಕಟ್ಟಿಯವರಾದರೋ ತಮ್ಮ ನಿವೃತ್ತಿಯನ್ನು ತಾವೇ ಬರಮಾಡಿಕೊಂಡರು. ಅದಕ್ಕೆ ತೆತ್ತ ಬೆಲೆಯು ಅಲ್ಪವಲ್ಲ. ಸಂಪಾದನೆಯು ಕುಗ್ಗಿತು, ಸ್ವಂತ ಮನೆಯಿದ್ದವರು ಬಾಡಿಗೆಯ ಮನೆಯವರಾದರು. ಪುಸ್ತಕಗಳು ಮಾರಾಟವಾಗದೆ ಉಳಿಯುತ್ತಿದ್ದವು. ಪತ್ರಿಕೆಯ ಚಂದಾ ಸಕಾಲದಲ್ಲಿ ಬರುತ್ತಿರಲಿಲ್ಲ. ಧರ್ಮಪತ್ನಿ ಭಾಗೀರಥಿಬಾಯಿಯವರೂ ಮಕ್ಕಳೂ ಈ ಕಷ್ಟದ ಪಾಲುದಾರರಾಗಬೇಕಾಯಿತು. ಮಹಾತ್ಮರ ತ್ಯಾಗವನ್ನು ಕೊಂಡಾಡುವಾಗ, ಆ ತ್ಯಾಗದ ಭಾರವನ್ನು ಮೌನವಾಗಿ ಹೊತ್ತ ಮನೆಯ ಹೆಣ್ಣುಮಕ್ಕಳನ್ನು ಮರೆಯುವುದು ನಮ್ಮಲ್ಲಿ ವಾಡಿಕೆಯಾಗಿದೆ. ಅದು ತರವಲ್ಲ. ಐದಕ್ಕಿ ಮಾರಯ್ಯನವರ ಕಾಯಕವು ತಪ್ಪುದಾರಿಗೆ ಬೀಳದಂತೆ ಕಾಯ್ದವರು ಶರಣೆ ಲಕ್ಕಮ್ಮನವರಲ್ಲವೆ? ದಂಪತಿಗಳಲ್ಲಿ ಒಬ್ಬರ ಕಾಯಕಕ್ಕೆ ಇನ್ನೊಬ್ಬರ ಸಹನೆಯು ಅಡಿಗಲ್ಲು.

ಊರ ಗೌರವದ ಮಾತೂ ಹಾಗೆಯೇ. ನ್ಯಾಯಾಲಯದಲ್ಲಿ ವಾದಿಸುವವರನ್ನು ಕಂಡು ಬಾಗುತ್ತಿದ್ದ ಜನರು, ಮಾಸಿದ ಕೋಟಿನಲ್ಲಿ ಪುಸ್ತಕಗಳ ಗಂಟನ್ನು ಹೊತ್ತು ತಿರುಗುವವರನ್ನು ಅದೇ ರೀತಿ ಕಾಣುವರೆಂದು ನಿರೀಕ್ಷಿಸಲಾಗದು. ತಾನು ವಕೀಲನೆಂಬ ಅಭಿಮಾನವು ಅಂತರಂಗದಲ್ಲಿ ಬೇರುಬಿಟ್ಟಿದ್ದರೆ ಆ ಕಷ್ಟದ ವರ್ಷಗಳಲ್ಲಿ ಅದು ಅವರನ್ನು ಮರಳಿ ನ್ಯಾಯಾಲಯಕ್ಕೆ ಎಳೆದೊಯ್ಯಬೇಕಾಗಿತ್ತು. ಹಾಗಾಗಲಿಲ್ಲ. ಹಿಡಿದ ಕೆಲಸದಲ್ಲಿಯೇ ಅವರು ನಿಂತರು.

ಮುಪ್ಪಿನಲ್ಲಿಯೂ ಬಿಡದ ಕಾಯಕ

1926ರಲ್ಲಿ ಬಳ್ಳಾರಿಯಲ್ಲಿ ನೆರೆದ ಕನ್ನಡ ಸಾಹಿತ್ಯ ಸಮ್ಮೇಳನಕ್ಕೆ ಹಳಕಟ್ಟಿಯವರು ಅಧ್ಯಕ್ಷರಾದರು. ಗೌರವವು ಬಂದಿತೆಂದು ಅವರ ದಿನಚರಿಯು ಬದಲಾಗಲಿಲ್ಲ. 1930ರಲ್ಲಿ ಶೂನ್ಯಸಂಪಾದನೆಯನ್ನು ಪ್ರಕಟಿಸಿದರು. ಹರಿಹರ ಮಹಾಕವಿಯ ರಗಳೆಗಳನ್ನು ಬೆಳಕಿಗೆ ತಂದರು. ಅವರು ಕೆಲಸಕ್ಕೆ ತೊಡಗುವ ಮುನ್ನ ವಿದ್ವಾಂಸರಿಗೆ ಗೊತ್ತಿದ್ದ ವಚನಕಾರರ ಸಂಖ್ಯೆ ಸುಮಾರು 50. ಅವರ ಶೋಧನೆಯ ಫಲವಾಗಿ ಅದು 200ನ್ನು ಮೀರಿತು. ಹೆಸರೇ ಅಳಿದುಹೋಗಿದ್ದ ಎಷ್ಟೋ ಶರಣ ಶರಣೆಯರು ಪುನಃ ನಮ್ಮ ನಡುವೆ ಬಂದು ಕುಳಿತರು.

ಅಂದಿನ ಸರಕಾರಿ ನೌಕರಿಯಲ್ಲಿ ನಿವೃತ್ತಿಯ ವಯಸ್ಸು 55 ಆಗಿತ್ತು. ಹಳಕಟ್ಟಿಯವರಿಗೆ 55 ತುಂಬಿದ್ದು 1935ರಲ್ಲಿ. ಅಲ್ಲಿಂದ ಮುಂದೆ ಇನ್ನೂ ಇಪ್ಪತ್ತೊಂಬತ್ತು ವರ್ಷಗಳಷ್ಟು ಆಯುಷ್ಯ ಅವರ ಪಾಲಿಗಿತ್ತು. ಲೋಕವು ಯಾವ ವಯಸ್ಸನ್ನು ವಿಶ್ರಾಂತಿಗೆಂದು ಬಿಟ್ಟುಕೊಡುತ್ತದೆಯೋ ಆ ವಯಸ್ಸಿನಲ್ಲಿ ಅವರು ಲೇಖನ ಬರೆದರು, ಕರಡು ತಿದ್ದಿದರು, ಪತ್ರಿಕೆಯನ್ನು ನಡೆಸಿದರು. ಶಿವಾನುಭವವು ಮೂರು ದಶಕಗಳಿಗೂ ಮಿಕ್ಕಿ ನಡೆಯಿತು. 1956ರಲ್ಲಿ ಕರ್ನಾಟಕ ವಿಶ್ವವಿದ್ಯಾಲಯವು ಗೌರವ ಡಾಕ್ಟರೇಟನ್ನು ಅರ್ಪಿಸಿದಾಗ ಅವರ ವಯಸ್ಸು 76. ಆ ಬಿರುದು ಬಂದುದು ನ್ಯಾಯಶಾಸ್ತ್ರಕ್ಕಾಗಿ ಅಲ್ಲ. ಯಾವುದಕ್ಕಾಗಿ ಅವರು ನ್ಯಾಯಾಲಯವನ್ನು ಹಿಂದೆ ಬಿಟ್ಟರೋ ಆ ಕಾಯಕಕ್ಕಾಗಿ. 1964ನೆಯ ಇಸವಿ ಜೂನ್ 29ರಂದು, 84 ವರ್ಷ ತುಂಬಲು ಮೂರು ದಿನಗಳಿರುವಾಗ, ಅವರು ಲಿಂಗೈಕ್ಯರಾದರು. ಅವರ ಜನ್ಮದಿನವಾದ ಜುಲೈ 2ನ್ನು ಇಂದು ನಾಡಿನಲ್ಲಿ ವಚನಸಾಹಿತ್ಯ ಸಂರಕ್ಷಣೆಯ ದಿನವೆಂದು ಆಚರಿಸಲಾಗುತ್ತಿದೆ.

ಪದವಿ ಬೇರೆ, ಕಾಯಕ ಬೇರೆ

ಈಗ ನಮ್ಮ ಮೊದಲಿನ ಶಂಕೆಗೆ ಹಿಂದಿರುಗೋಣ. ಪದವಿಯೆಂಬುದು ಇನ್ನೊಬ್ಬರು ಕೊಟ್ಟುದು. ಆದುದರಿಂದ ಇನ್ನೊಬ್ಬರು ಅದನ್ನು ಹಿಂದಕ್ಕೆ ಪಡೆಯಬಲ್ಲರು. ಕಾಯಕವೆಂಬುದು ಶಿವಾರ್ಪಿತವಾದ ಸೇವೆ. ಅದನ್ನು ಯಾವ ಹುಕುಮಿನಿಂದಲೂ ನಿಲ್ಲಿಸಲಾಗದು. ಅಪ್ಪ ಬಸವಣ್ಣನವರು ಬಿಜ್ಜಳನ ಭಂಡಾರಿಗಳಾಗಿದ್ದರು. ಕಲ್ಯಾಣದಲ್ಲಿ ಕ್ಷೋಭೆಯುಂಟಾದಾಗ ಆ ಪದವಿಯನ್ನು ತೊರೆದು ಕೂಡಲಸಂಗಮಕ್ಕೆ ನಡೆದರು. ಭಂಡಾರದ ಬೀಗದ ಕೈಗಳು ಹೋದುವೆಂದು ಬಸವಣ್ಣನವರಲ್ಲಿ ಕಡಮೆಯಾದುದೇನು? ಇಂದು ನಾವು ಅವರನ್ನು ಭಂಡಾರಿಯೆಂದು ಪೂಜಿಸುತ್ತೇವೆಯೋ, ಭಕ್ತಿಭಂಡಾರಿಯೆಂದೋ? ಕಾಶ್ಮೀರದ ಅರಸುತನವನ್ನು ಬಿಟ್ಟು ಕಲ್ಯಾಣಕ್ಕೆ ಬಂದು ಸೌದೆ ಮಾರಿದರೆಂದು ಪುರಾಣಗಳು ಹೇಳುವ ಮೋಳಿಗೆಯ ಮಾರಯ್ಯನವರ ಹೆಸರಿನಲ್ಲಿ ಉಳಿದುದು ಸಿಂಹಾಸನವಲ್ಲ, ಕಟ್ಟಿಗೆಯ ಹೊರೆ. ಶರಣರ ಹೆಸರಿನೊಡನೆ ಕೂಡಿಕೊಂಡ ಕಾಯಕವು ಅವರ ಅಂತಸ್ತಿನ ಗುರುತಲ್ಲ, ಅವರು ಸಮಾಜಕ್ಕೆ ಸಲ್ಲಿಸಿದ ದಾಸೋಹದ ಗುರುತು. ಹಳಕಟ್ಟಿಯವರನ್ನೂ ನಾಡು ನೆನೆಯುವುದು ವಕೀಲರೆಂದಲ್ಲ, ವಚನ ಪಿತಾಮಹರೆಂದು.

ಇದನ್ನು ಓದಿದ ಗೃಹಸ್ಥರು ತಾವೂ ಮನೆಯನ್ನು ಮಾರಬೇಕೆಂದು ಭಾವಿಸಲಾಗದು. ಅದು ಎಲ್ಲರಿಗೂ ಹೇಳಿದ ವ್ರತವಲ್ಲ. ಹೆಂಡತಿ ಮಕ್ಕಳ ಯೋಗಕ್ಷೇಮವೂ ಶಿವನು ಒಪ್ಪಿಸಿದ ಕಾಯಕವೇ ಆಗಿದೆ. ನಾವು ಕಲಿಯಬೇಕಾದುದು ಬೇರೊಂದು. ಹಳಕಟ್ಟಿಯವರು ಎರಡನೆಯ ಕಾಯಕವನ್ನು ಹುಡುಕಲು ಮೊದಲನೆಯದು ಮುಗಿಯುವವರೆಗೆ ಕಾಯಲಿಲ್ಲ. ವಕೀಲಿಯಲ್ಲಿ ಕಾಲೂರುತ್ತಿದ್ದ ದಿನಗಳಲ್ಲಿಯೇ ಓಲೆಗರಿಯನ್ನು ಕೈಗೆತ್ತಿಕೊಂಡರು. ಆದುದರಿಂದ ಒಂದು ಸರಿದಾಗ ಇನ್ನೊಂದು ಸಿದ್ಧವಾಗಿಯೇ ಇದ್ದಿತು. ಬೀಳ್ಕೊಡುಗೆಯ ಹಾರವು ಬಾಡಿದ ಮೇಲೆ ಕಾಯಕವನ್ನು ಅರಸಹೊರಡುವವನಿಗಿಂತ, ನೌಕರಿಯ ದಿನಗಳಲ್ಲಿಯೇ ದಿನಕ್ಕೊಂದು ತಾಸನ್ನು ಪದವಿಯ ಹಂಗಿಲ್ಲದ ಕೆಲಸಕ್ಕೆ ಮುಡಿಪಾಗಿಡುವವನು ಜಾಣನು.

ಅಂತಹ ಕೆಲಸಗಳಿಗೆ ನಮ್ಮಲ್ಲಿ ಕೊರತೆಯಿಲ್ಲ. ಲೆಕ್ಕಪತ್ರದಲ್ಲಿ ಪಳಗಿದವರು ಉಚಿತ ಪ್ರಸಾದನಿಲಯದ ಲೆಕ್ಕವನ್ನು ನೋಡಬಹುದು. ಮಾಸ್ತರರಾಗಿದ್ದವರು ಸಂಜೆಯ ವೇಳೆ ಓಣಿಯ ಮಕ್ಕಳನ್ನು ಕೂಡಿಸಿ ಪಾಠ ಹೇಳಬಹುದು. ಕಚೇರಿಯ ರೀತಿನೀತಿಗಳನ್ನು ಬಲ್ಲವರು ಅರ್ಜಿ ಬರೆಯಲು ಬಾರದ ಬಡವನಿಗೆ ನೆರವಾಗಬಹುದು. ಒಕ್ಕಲುತನದ ಮನೆಯವರು ಮಕ್ಕಳ ಕೈಗೆ ಹೊಲವನ್ನು ಒಪ್ಪಿಸಿದ ಮೇಲೂ ಬೀಜದ ಹದವನ್ನು, ಮಳೆಯ ಗುರುತನ್ನು ಹೇಳಿಕೊಡಬಹುದು. ಆದರೆ ಇಲ್ಲಿಯೂ ಒಂದು ಎಚ್ಚರ ಬೇಕು. ಬಿಟ್ಟುಬಂದ ಕುರ್ಚಿಯ ಬದಲಿಗೆ ಮಠದಲ್ಲಿಯೋ ಸಂಘದಲ್ಲಿಯೋ ಇನ್ನೊಂದು ಕುರ್ಚಿಯನ್ನು ಹುಡುಕುವುದು ಕಾಯಕವಾಗದು. ಅದು ಹಳೆಯ ವ್ಯಾಧಿಯೇ ಹೊಸ ಮನೆಗೆ ಬಂದಂತೆ.

ಕೈಕಾಲು ಸೋತು ಹಾಸಿಗೆಯನ್ನು ಹಿಡಿದವರ ಗತಿಯೇನು ಎಂದು ಕೇಳುವವರುಂಟು. ಅವರ ನೋವು ನಿಜವಾದುದು. ಬರಿಯ ಉಪದೇಶದಿಂದ ತೀರುವಂತಹುದಲ್ಲ. ಆದರೂ ನಮ್ಮ ಷಟ್‌ಸ್ಥಲಮಾರ್ಗದಲ್ಲಿ ಅವರಿಗೂ ಎಡೆಯಿದೆ. ಭಕ್ತಸ್ಥಲದಿಂದ ಐಕ್ಯಸ್ಥಲದವರೆಗಿನ ನಡೆಯು ಹೊರಗಿನ ಕ್ರಿಯೆಯಿಂದ ಒಳಗಿನ ಅರಿವಿನ ಕಡೆಗೆ ಸಾಗುವ ನಡೆ. ಕೈಯಿಂದ ದುಡಿಯಲಾರದವನು ಬಾಯಿಂದ ಒಂದು ಸವಿನುಡಿಯನ್ನು ಆಡಬಹುದು. ಬಾಯಿಯೂ ಸೋತವನು ಅಂಗೈಯ ಲಿಂಗದಲ್ಲಿ ದೃಷ್ಟಿಯನ್ನಿರಿಸಿ ಮನೆಯವರಿಗೆ ಶುಭವನ್ನು ಕೋರಬಹುದು. ಅಂತಹವರ ಬಳಿ ದಿನಕ್ಕೊಮ್ಮೆ ಕುಳಿತು ಒಂದು ವಚನವನ್ನು ಓದಿ ಹೇಳುವುದು ಕಿರಿಯರ ಕಾಯಕ. ಮುಪ್ಪಿನವರನ್ನು ನಿಷ್ಪ್ರಯೋಜಕರೆಂದು ಕಾಣುವ ಮನೆಯಲ್ಲಿ ಶಿವನು ನಿಲ್ಲುವುದೆಂತು?

ಶಾಸ್ತ್ರದ ನಿವೃತ್ತಿಯೂ ಲೋಕದ ನಿವೃತ್ತಿಯೂ ಹಳಕಟ್ಟಿಯವರ ಬಾಳಿನಲ್ಲಿ ಒಂದಾದವು. ಅಹಂಕಾರದಿಂದ ಹಿಂದೆ ಸರಿದರು. ದುಡಿಮೆಯಿಂದ ಹಿಂದೆ ಸರಿಯಲಿಲ್ಲ. ನೌಕರಿಯ ಕೊನೆಯ ದಿನಗಳನ್ನು ಎಣಿಸುತ್ತಿರುವ ಶರಣಬಂಧುಗಳು ಈ ಪುಣ್ಯಜೀವನವನ್ನು ಮನನ ಮಾಡಲಿ. ಅವರು ಸವೆಸಿದ ಕಣ್ಣುಗಳಿಂದ ಉಳಿದುಬಂದ ವಚನಗಳನ್ನು ನಿತ್ಯವೂ ಒಂದಿಷ್ಟು ಓದಲಿ. ಪದವಿಯು ತೀರುವ ದಿನ ಕಾಯಕವು ಕೈಹಿಡಿದು ನಡೆಸುವಂತೆ ಶ್ರೀಗುರು ಬಸವೇಶ್ವರನು ಎಲ್ಲರಿಗೂ ಕರುಣಿಸಲಿ.